ಮಿಲಿಮೀಟರ್ ಲೆಕ್ಕದ ಮುಖ

ಕೆನಡಾದ ಪೌರತ್ವ ಕೋರುವವರು ಕಾಗದದ ಅರ್ಜಿಯ ಜೊತೆ ಒಂದೇ ತೆರನಾದ ಎರಡು ಫೋಟೋ ಲಗತ್ತಿಸಬೇಕು. ಅಗಲ 50 ಮಿ.ಮೀ., ಎತ್ತರ 70 ಮಿ.ಮೀ. ಗದ್ದದಿಂದ ನೆತ್ತಿಯವರೆಗೆ ಮುಖದ ಅಳತೆ 31 ಮಿ.ಮೀ.ಗಿಂತ ಕಡಿಮೆಯೂ 36ಕ್ಕಿಂತ ಹೆಚ್ಚೂ ಇರಕೂಡದು. ನೆತ್ತಿಯೆಂದರೆ ತಲೆಯ ಸಹಜ ತುದಿ. ಎತ್ತಿ ಕಟ್ಟಿದ ತುರುಬು ಈ ಲೆಕ್ಕಕ್ಕೆ ಬರುವುದಿಲ್ಲ. ಆ ದೇಶದ ಪಾಸ್‌ಪೋರ್ಟ್ ಫೋಟೋಗೂ ಇದೇ ಅಳತೆ.

ಪಾಸ್‌ಪೋರ್ಟ್ ಫೋಟೋದ ಮಾನದಂಡಗಳನ್ನು ರೂಪಿಸುವುದು ಮಾಂಟ್ರಿಯಲ್‌ನಲ್ಲಿ ಕೇಂದ್ರ ಕಚೇರಿಯಿರುವ ಅಂತರರಾಷ್ಟ್ರೀಯ ನಾಗರಿಕ ವಿಮಾನಯಾನ ಸಂಸ್ಥೆ. ಚಿಪ್ ಇರುವ ಪಾಸ್‌ಪೋರ್ಟ್‌ಗೆ ಎಲ್ಲ ದೇಶಗಳೂ ಒಪ್ಪಬಹುದಾದ ಗುರುತು ಯಾವುದೆಂಬ ಪ್ರಶ್ನೆ ಎದ್ದಾಗ, ಅದು ಮುಖವನ್ನು ಆರಿಸಿತು. ಬೆರಳಚ್ಚು ಮತ್ತು ಕಣ್ಣಿನ ಪಾಪೆಯ ಸುತ್ತಲಿನ ಬಣ್ಣದ ವಲಯದ ಗುರುತು ಐಚ್ಛಿಕವಾಗಿ ಉಳಿದವು. ಹೀಗಾಗಿ ಅಧಿಕಾರಿಯ ಕಣ್ಣಿಗೆ ಹೇಗೋ ಹಾಗೆ ಯಂತ್ರದ ಕಣ್ಣಿಗೂ ಸ್ಪಷ್ಟವಾಗಿ ಕಾಣುವ ಫೋಟೋ ಬೇಕಾಯಿತು.

ಮುಖ ಗುರುತಿಸುವ ತಂತ್ರಾಂಶ ಮೊದಲು ಚಿತ್ರದಲ್ಲಿ ಮುಖ ಎಲ್ಲಿದೆಯೆಂದು ಹುಡುಕುತ್ತದೆ. ಆಮೇಲೆ ಎರಡು ಕಣ್ಣುಗಳ ಸ್ಥಾನ ಹಿಡಿದು, ಅವು ಅಡ್ಡಗೆರೆಯಲ್ಲಿ ಗೊತ್ತಾದ ಅಂತರದಲ್ಲಿ ಕೂರುವಂತೆ ಚಿತ್ರವನ್ನು ತಿರುಗಿಸಿ ಹಿಗ್ಗಿಸುತ್ತದೆ ಅಥವಾ ಕುಗ್ಗಿಸುತ್ತದೆ. ಹೀಗೆ ಹೊಂದಿಸಿದ ಮುಖವನ್ನು ಕೊನೆಗೆ ಅಂಕಿಗಳ ಸಾಲಾಗಿ ಬದಲಿಸುತ್ತದೆ. ಗೂಗಲ್ 2015ರಲ್ಲಿ ಪ್ರಕಟಿಸಿದ ಫೇಸ್‌ನೆಟ್ ಪದ್ಧತಿಯಲ್ಲಿ ಒಂದು ಮುಖಕ್ಕೆ 128 ಅಂಕಿ ಸಾಕಾಗಿತ್ತು. ಎರಡು ಫೋಟೋಗಳ ಅಂಕಿಸಾಲುಗಳು ನಿಗದಿತ ಮಿತಿಗಿಂತ ಹತ್ತಿರವಿದ್ದರೆ ಇಬ್ಬರೂ ಒಬ್ಬರೇ ಎಂಬ ತೀರ್ಮಾನ. ಮಿತಿ ಸಡಿಲಿಸಿದರೆ ಬೇರೆಯವರ ಮುಖವೂ ಹೊಂದಿಬಿಡುತ್ತದೆ. ಬಿಗಿ ಮಾಡಿದರೆ ಅದೇ ವ್ಯಕ್ತಿಯ ಇನ್ನೊಂದು ಫೋಟೋ ತಿರಸ್ಕೃತವಾಗುತ್ತದೆ. ಬೆಳಕು, ಕೋನ, ಮುಖಭಾವಗಳಿಂದ ಹುಟ್ಟುವ ವ್ಯತ್ಯಾಸವನ್ನು ತಗ್ಗಿಸಿ, ವ್ಯಕ್ತಿ ವ್ಯಕ್ತಿಗಳ ನಡುವಿನ ವ್ಯತ್ಯಾಸವನ್ನಷ್ಟೇ ಉಳಿಸಿಕೊಳ್ಳುವುದು ಫೋಟೋ ನಿಯಮಗಳ ಉದ್ದೇಶ.

ಕ್ಯಾಮೆರಾದ ದೂರ ಎಷ್ಟು ಮುಖ್ಯವೆಂಬುದನ್ನು ಸರಳ ಗಣಿತವೇ ತೋರಿಸುತ್ತದೆ. ಮೂಗಿನ ತುದಿಗಿಂತ ಕಿವಿ 12 ಸೆಂ.ಮೀ. ಹಿಂದಿದೆ ಎಂದಿಟ್ಟುಕೊಳ್ಳೋಣ. 40 ಸೆಂ.ಮೀ. ದೂರದಿಂದ ಸೆಲ್ಫಿ ತೆಗೆದರೆ ಕಿವಿಗೆ ಹೋಲಿಸಿದಾಗ ಮೂಗು ಶೇ. 30ರಷ್ಟು ಹಿಗ್ಗಿ ಕಾಣುತ್ತದೆ. ಕ್ಯಾಮೆರಾವನ್ನು 1.5 ಮೀಟರ್ ದೂರದಲ್ಲಿಟ್ಟರೆ ಈ ಹಿಗ್ಗು ಶೇ. 8ಕ್ಕೆ ಇಳಿಯುತ್ತದೆ. ತಲೆ ಓರೆಯಾದರೂ ಅಂಗಗಳ ನಡುವಿನ ಅಂತರ ಬದಲಾಗುವುದರಿಂದ ಮುಖ, ಭುಜ ಎರಡೂ ನೇರ ಕ್ಯಾಮೆರಾದತ್ತ ಇರಬೇಕು.

ಹಿನ್ನೆಲೆ ಸಾಮಾನ್ಯವಾಗಿ ಬಿಳಿ. ಗೋಡೆಯ ಮೇಲೆ ನೆರಳು ಬಿದ್ದರೆ ತಲೆಯ ಅಂಚು ಎಲ್ಲಿ ಮುಗಿಯಿತೆಂದು ಹೇಳುವುದು ಕಷ್ಟ. ಆದರೆ ಬಿಳಿ ಗೋಡೆಗೂ ಒಂದು ತೊಡಕಿದೆ. ಸ್ವಯಂಚಾಲಿತ ಕ್ಯಾಮೆರಾ ಇಡೀ ದೃಶ್ಯದ ಸರಾಸರಿ ಬೆಳಕನ್ನು ಅಳೆದು, ಗೋಡೆಯ ಹೊಳಪಿಗೆ ತಕ್ಕಂತೆ ಬೆಳಕನ್ನು ಕಡಿತಗೊಳಿಸುತ್ತದೆ. ಆಗ ಕಪ್ಪು ಮೈಬಣ್ಣದವರ ಮುಖದ ವಿವರ ಕತ್ತಲಲ್ಲಿ ಮುಳುಗುತ್ತದೆ. ಗೋಡೆಯನ್ನು ಬಿಟ್ಟು ಮುಖದ ಬೆಳಕನ್ನೇ ಅಳೆಯುವುದು ಇದಕ್ಕೆ ಪರಿಹಾರ. ಫ್ಲಾಶ್ ಲೆನ್ಸ್‌ನ ಪಕ್ಕದಲ್ಲೇ ಇದ್ದರೆ ಅದರ ಬೆಳಕು ಕಣ್ಣಿನ ಹಿಂಭಾಗದ ರಕ್ತನಾಳಗಳಿಂದ ಮರಳಿ ಬಂದು ಪಾಪೆ ಕೆಂಪಗೆ ಕಾಣುತ್ತದೆ.

ನಗು ಸಲ್ಲದು, ಹುಬ್ಬು ಗಂಟಿಕ್ಕುವುದೂ ಸಲ್ಲದು, ಬಾಯಿ ಮುಚ್ಚಿರಬೇಕು. ನಕ್ಕಾಗ ತುಟಿಯ ಅಂಚು ಹೊರಕ್ಕೆ ಸರಿಯುತ್ತದೆ, ಕೆನ್ನೆ ಉಬ್ಬುತ್ತದೆ, ಕೆಳರೆಪ್ಪೆ ಮೇಲೇರಿ ಕಣ್ಣು ಕಿರಿದಾಗುತ್ತದೆ. ಎಲ್ಲರ ನಗುವೂ ಒಂದೇ ಅಲ್ಲ, ಒಬ್ಬರ ನಗುವೂ ಪ್ರತಿಸಲ ಒಂದೇ ಅಲ್ಲ. ಭಾವರಹಿತ ಮುಖವನ್ನು ಮಾತ್ರ ಮತ್ತೆ ಮತ್ತೆ ಹೆಚ್ಚುಕಡಿಮೆ ಹಾಗೆಯೇ ತೋರಿಸಲು ಸಾಧ್ಯ.

ಕಣ್ಣುಗಳೇ ಅಳತೆಯ ಆಧಾರವಾದ್ದರಿಂದ ಕನ್ನಡಕದ ಬಗ್ಗೆ ಎಲ್ಲೆಡೆ ಬಿಗಿ. ಅಮೆರಿಕ 2016ರ ನವೆಂಬರ್‌ನಿಂದ ಪಾಸ್‌ಪೋರ್ಟ್ ಫೋಟೋದಲ್ಲಿ ಕನ್ನಡಕವನ್ನೇ ನಿಷೇಧಿಸಿತು. ಕೆನಡಾ ಅದಕ್ಕೆ ಅವಕಾಶ ಕೊಟ್ಟರೂ ಗಾಜಿಗೆ ಬಣ್ಣವಿರಬಾರದು, ಕಣ್ಣು ಸ್ಪಷ್ಟವಾಗಿ ಕಾಣಬೇಕು. ಧಾರ್ಮಿಕ ಕಾರಣಕ್ಕೆ ಧರಿಸುವ ಪೇಟ ಅಥವಾ ವಸ್ತ್ರ ಇರಬಹುದು, ಮುಖ ಪೂರ್ತಿ ಕಾಣಬೇಕು.

ಫೋಟೋ ಆರು ತಿಂಗಳಿಗಿಂತ ಹಳೆಯದಾಗಿರಬಾರದು, ತಿದ್ದಿದ್ದೂ ಆಗಿರಬಾರದು. ಅಂದಗೊಳಿಸುವ ಫಿಲ್ಟರ್ ದವಡೆ ತೆಳುವಾಗಿಸಿ ಕಣ್ಣು ಹಿಗ್ಗಿಸಿದರೆ ಅಳತೆಗಳೇ ಸುಳ್ಳಾಗುತ್ತವೆ. ಇನ್ನೂ ದೊಡ್ಡ ಅಪಾಯ ಇಬ್ಬರ ಮುಖಗಳನ್ನು ಬೆರೆಸುವುದು. ಅಂಥ ಒಂದು ಚಿತ್ರ ಇಬ್ಬರಿಗೂ ಹೊಂದಿಕೆಯಾಗಿ ಯಂತ್ರವನ್ನು ಮೋಸಗೊಳಿಸಬಲ್ಲದೆಂದು ಇಟಲಿಯ ಬೊಲೊನ್ಯಾ ವಿಶ್ವವಿದ್ಯಾಲಯದ ಸಂಶೋಧಕರು 2014ರಲ್ಲಿ ತೋರಿಸಿದರು. ಕೆನಡಾದ ಪೌರತ್ವ ಅರ್ಜಿಯ ನಿಯಮ ಫೋಟೋದ ಮೂಲವನ್ನೂ ದಾಖಲಿಸುತ್ತದೆ: ಒಂದು ಪ್ರತಿಯ ಹಿಂಬದಿಯಲ್ಲಿ ಅರ್ಜಿದಾರರ ಹೆಸರು, ಜನ್ಮದಿನಾಂಕ, ಸ್ಟುಡಿಯೋದ ವಿಳಾಸ ಮತ್ತು ಫೋಟೋ ತೆಗೆದ ದಿನಾಂಕ ಇರಬೇಕು.

ಕೆನಡಾದ ಪ್ರಜೆಯಾದ ಕನ್ನಡಿಗರಿಗೆ ಭಾರತದ ಪೌರತ್ವ ಉಳಿಯುವುದಿಲ್ಲ. ಅನೇಕರು ಸಾಗರೋತ್ತರ ಭಾರತೀಯ ನಾಗರಿಕರ ಕಾರ್ಡ್, ಅಂದರೆ ಒಸಿಐಗೆ ಅರ್ಜಿ ಹಾಕುತ್ತಾರೆ. ಅದಕ್ಕೆ ಬೇಕಾದದ್ದು 51 ಮಿ.ಮೀ. ಚೌಕದ ಫೋಟೋ. ನಿಯಮಗಳ ತರ್ಕ ಬಹುಮಟ್ಟಿಗೆ ಒಂದೇ ಆದರೂ ಚೌಕಟ್ಟು ಬೇರೆಯಾದ್ದರಿಂದ ಹಳೆಯ 50-70ರ ಪ್ರತಿ ಅಲ್ಲಿ ನಡೆಯುವುದಿಲ್ಲ.