ಸೆರೆಮನೆಯ ಗೋಡೆಯಿಂದ ಸಿಂಫನಿಗೆ

ಶಿಕಾರಿಪುರ ತಾಲ್ಲೂಕಿನ ಈಸೂರಿನ ಕಥೆಯನ್ನು ಆ ಸೀಮೆಯ ಮಕ್ಕಳಿಗೆ ಹೊಸದಾಗಿ ಹೇಳಬೇಕಾಗಿಲ್ಲ. 1942ರ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ತಮ್ಮೂರು ಸ್ವತಂತ್ರವೆಂದು ಸಾರಿದ ಈ ಹಳ್ಳಿಯ ಐವರು 1943ರ ಮಾರ್ಚ್‌ನಲ್ಲಿ ಗಲ್ಲಿಗೇರಿದರು. ಗಲ್ಲಿಗೇರಿದವರ ಹೆಸರುಗಳನ್ನು ಇತಿಹಾಸ ಬರೆದಿಟ್ಟುಕೊಳ್ಳುತ್ತದೆ. ಮನೆಯಲ್ಲಿ ಉಳಿದವರ ಸಂಕಟವನ್ನು ಬರೆದಿಡುವವರು ಕಡಿಮೆ.

ಅಂಥ ಸಂಕಟವನ್ನೇ ಸಂಗೀತವಾಗಿಸಿದವರು ಪೋಲೆಂಡಿನ ಹೆನ್ರಿಕ್ ಗೊರೆಟ್ಸ್ಕಿ (1933–2010). ಸಿಂಫನಿ ಎಂದರೆ ಹತ್ತಾರು ವಾದ್ಯಗಾರರು ಒಟ್ಟಾಗಿ, ಬರೆದಿಟ್ಟ ಸ್ವರಲಿಪಿಯಂತೆ ನುಡಿಸುವ ದೀರ್ಘ ಕೃತಿ. ಗೊರೆಟ್ಸ್ಕಿ ಅಂಥ ನಾಲ್ಕು ಕೃತಿಗಳನ್ನು ರಚಿಸಿದರು. ಮೊದಲನೆಯದು 1959ರದು, ಕಿವಿಗೆ ತುಸು ಒರಟು. ಎರಡನೆಯದು (1972) ಖಗೋಳ ವಿಜ್ಞಾನಿ ಕೊಪರ್ನಿಕಸ್‌ನ 500ನೇ ಜನ್ಮವರ್ಷಕ್ಕೆಂದು ಬರೆದದ್ದು. ಅವರ ಹೆಸರನ್ನು ಜಗತ್ತಿಗೆ ಮುಟ್ಟಿಸಿದ್ದು 1976ರಲ್ಲಿ ಬರೆದ ಮೂರನೆಯದು. ‘ಶೋಕಗೀತೆಗಳ ಸಿಂಫನಿ’ ಎಂದೇ ಅದಕ್ಕೆ ಹೆಸರು.

ಅದರಲ್ಲಿ ಮೂರು ಭಾಗ, ಮೂರು ಹಾಡು. ಹಾಡುವವರು ಒಬ್ಬರೇ ಗಾಯಕಿ. ಮೊದಲ ಭಾಗದ ಕಟ್ಟಣೆ ಸೊರಬದ ಕಡೆಯವರಿಗೆ ಸುಲಭವಾಗಿ ಅರ್ಥವಾದೀತು. ದೀಪಾವಳಿಯಲ್ಲಿ ದೀಪ ಹಿಡಿದು ಮನೆಮನೆಗೆ ಬರುವ ಅಂಟಿಗೆ-ಪಂಟಿಗೆಯವರಲ್ಲಿ ಮುಂದಾಳುಗಳು ಹಾಡಿದ ಸೊಲ್ಲನ್ನು ಉಳಿದವರು ಎತ್ತಿಕೊಳ್ಳುತ್ತಾರಲ್ಲವೆ? ಇಲ್ಲಿಯೂ ಹಾಗೆಯೇ. ತಗ್ಗಿದ ದನಿಯ ಡಬಲ್ ಬೇಸ್‌ಗಳು ಆರಂಭಿಸಿದ ರಾಗವನ್ನು ಇತರ ತಂತಿವಾದ್ಯಗಳು ಒಂದಾದ ಮೇಲೊಂದರಂತೆ ಎತ್ತಿಕೊಳ್ಳುತ್ತವೆ. ಆದರೆ ಮೊದಲಿನವು ಸುಮ್ಮನಾಗುವುದಿಲ್ಲ. ಹೀಗೆ ತುಂಬಿಬಂದ ನಾದದ ನಡುವೆ, ಮಗ ಏಸುವಿಗಾಗಿ ಮೇರಿಯ ಅಳಲು ಕೇಳಿಸುತ್ತದೆ. ಅದು 15ನೇ ಶತಮಾನದ ಪ್ರಾರ್ಥನೆ.

ಎರಡನೆಯ ಭಾಗದ ಸಾಹಿತ್ಯ ಗೋಡೆಯ ಬರಹ! 1944ರಲ್ಲಿ ಜಾಕೊಪಾನೆ ಎಂಬ ಊರಿನಲ್ಲಿ, ನಾಜಿ ಗುಪ್ತ ಪೊಲೀಸರ ಸೆರೆಮನೆಯ ಗೋಡೆಯ ಮೇಲೆ ಹೆಲೆನಾ ಎಂಬ 18 ವರ್ಷದ ಹುಡುಗಿ ಬರೆದದ್ದು. ಅದೇ ಗೋಡೆಯ ಮೇಲೆ ದೊಡ್ಡವರು ತಾವು ನಿರಪರಾಧಿಗಳೆಂದು, ಸೆರೆಹಿಡಿದವರು ಕೊಲೆಗಡುಕರೆಂದು ಬರೆದಿದ್ದರು. ಈ ಹುಡುಗಿ ಮಾತ್ರ ತನ್ನನ್ನು ಮರೆತು, ಅಮ್ಮ ಅಳದಿರಲಿ ಎಂದು ಬರೆದಿದ್ದಳು. ಗೊರೆಟ್ಸ್ಕಿಯವರ ಮನಸ್ಸನ್ನು ತಟ್ಟಿದ್ದು ಇದೇ.

ಮೂರನೆಯದು ಜನಪದ ಗೀತೆ. ದಂಗೆಯಲ್ಲಿ ಮಡಿದ ಮಗನನ್ನು ತಾಯಿ ಹುಡುಕುತ್ತಾಳೆ. ಅವನು ಎಲ್ಲಿ ಮಣ್ಣಾದನೆಂದೂ ಆಕೆಗೆ ತಿಳಿಯದು. ಈಸೂರನ್ನು ಬಲ್ಲವರಿಗೆ ಈ ಹಾಡಿನ ಭಾಷೆ ಬಾರದಿದ್ದರೂ ನೋವು ಪರಕೀಯವೆನಿಸದು.

1977ರಲ್ಲಿ ಫ್ರಾನ್ಸಿನಲ್ಲಿ ಮೊದಲ ಬಾರಿ ನುಡಿಸಿದಾಗ ಹಲವು ವಿಮರ್ಶಕರು ಮೂಗು ಮುರಿದರು. ಹದಿನೈದು ವರ್ಷ ಕಳೆಯಿತು. 1992ರಲ್ಲಿ ಅಮೆರಿಕದ ಗಾಯಕಿ ಡಾನ್ ಅಪ್‌ಶಾ ಹಾಡಿದ ಧ್ವನಿಮುದ್ರಿಕೆ ಹೊರಬಂತು. ಅದರ 10 ಲಕ್ಷಕ್ಕೂ ಹೆಚ್ಚು ಪ್ರತಿಗಳು ಮಾರಾಟವಾದವು.

ಇನ್ನು ಅವರ ಬಾಲ್ಯ. ತಂದೆ-ತಾಯಂದಿರು ಗಮನಿಸಬೇಕಾದ ಸಂಗತಿ ಇಲ್ಲಿದೆ. ಗೊರೆಟ್ಸ್ಕಿಗೆ ಎರಡು ವರ್ಷವಾಗಿದ್ದಾಗ ತಾಯಿ ತೀರಿಕೊಂಡರು. ಆಕೆಯ ಹಳೆಯ ಪಿಯಾನೋ ಮನೆಯಲ್ಲಿತ್ತು. ಅದನ್ನು ನುಡಿಸಲು ತಂದೆಯೂ ಮಲತಾಯಿಯೂ ಬಿಡುತ್ತಿರಲಿಲ್ಲ. ಹುಡುಗ ಹಟ ಬಿಡಲಿಲ್ಲ. ಊರಿನವರೊಬ್ಬರಿಂದ ಪಿಟೀಲು ಕಲಿತ. ಎರಡು ವರ್ಷ ಪ್ರಾಥಮಿಕ ಶಾಲೆಯಲ್ಲಿ ಮೇಷ್ಟ್ರಾಗಿ ದುಡಿದ. ಇಪ್ಪತ್ತು ದಾಟಿದ ಮೇಲೆ, 1955ರಲ್ಲಿ, ಕಾಟೊವಿತ್ಸೆಯ ಸಂಗೀತ ವಿದ್ಯಾಲಯ ಸೇರಿದ. ಮುಂದೆ ಅದೇ ವಿದ್ಯಾಲಯದ ಮುಖ್ಯಸ್ಥನೂ ಆದ.

ನಾಲ್ಕನೆಯ ಸಿಂಫನಿ ಮುಗಿಯುವ ಮೊದಲೇ, 2010ರಲ್ಲಿ, ಅವರು ತೀರಿಕೊಂಡರು. ಯಾವ ವಾದ್ಯ ಯಾವ ಸ್ವರ ನುಡಿಸಬೇಕೆಂದು ವಿವರವಾಗಿ ಬರೆಯುವ ಕೆಲಸ ಬಾಕಿಯಿತ್ತು. ಅದನ್ನು ಪೂರೈಸಿದವರು ಮಗ ಮಿಕೊವಾಯ್. 2014ರಲ್ಲಿ ಲಂಡನ್ನಿನಲ್ಲಿ ಅದರ ಮೊದಲ ಪ್ರದರ್ಶನ ನಡೆಯಿತು. ಅಮ್ಮನ ಪಿಯಾನೋ ಮುಟ್ಟಲು ಬಿಡದ ಮನೆಯಲ್ಲಿ ಬೆಳೆದ ಹುಡುಗ, ತನ್ನ ಮಗನ ಕೈಗೆ ಸಂಗೀತವನ್ನೇ ಕೊಟ್ಟು ಹೋಗಿದ್ದ.