ಅಗೆದ ಮೇಲೂ ಉಸಿರಾಡುವ ಗೆಣಸು

ಗಣೇಶನ ಹಬ್ಬ ಮುಗಿದ ವಾರ ಯಡಿಯೂರಿನ ನಮ್ಮ ತಾರಸಿಯಲ್ಲಿ ನಾಲ್ಕು ಗ್ರೋ ಬ್ಯಾಗುಗಳಿಗೆ ಗೆಣಸಿನ ಬಳ್ಳಿಯ ತುಂಡುಗಳನ್ನು ಊರಿದ್ದೆ. ಸಂಕ್ರಾಂತಿಗೆ ಎರಡು ವಾರವಿದೆ ಅನ್ನುವಾಗ ಎಲೆಗಳು ಹಳದಿಗೆ ತಿರುಗಿದವು. ಒಂದು ಗೆಣಸನ್ನು ಬೆರಳಲ್ಲೇ ಕೆದಕಿ ತೆಗೆದು ಅಡ್ಡಕ್ಕೆ ಕೊಯ್ದೆ. ಸಿಪ್ಪೆಯಂಚಿನಲ್ಲಿ ಹಾಲು ಜಿನುಗಿ, ಸ್ವಲ್ಪ ಹೊತ್ತಿಗೆ ಬೆಳ್ಳಗೇ ಒಣಗಿತು. ಬೆಳೆ ಬಲಿತಿದೆಯೇ ಎಂದು ನೋಡಲು ಬೆಳೆಗಾರರು ಹಿಡಿಯುವ ಗುರುತು ಇದೇ. ಎಳೆಯದಾಗಿದ್ದರೆ ಕೊಯ್ದ ಜಾಗ ಕಪ್ಪಾಗುತ್ತದೆ. ಬಳ್ಳಿ ನೆಟ್ಟು ಮೂರೂವರೆಯಿಂದ ನಾಲ್ಕು ತಿಂಗಳಿಗೆ ಸಾಮಾನ್ಯವಾಗಿ ಈ ಹದ ಬರುತ್ತದೆ.

ಬೆಳೆಯುವುದು ಸುಲಭ. ಕಷ್ಟವಿರುವುದು ಇಡುವುದರಲ್ಲಿ. ಹಿಂದಿನ ವರ್ಷ ಅಗೆದದ್ದನ್ನೆಲ್ಲ ತೊಳೆದು ಫ್ರಿಜ್ಜಿಗೆ ಹಾಕಿದ್ದೆ. ಮೂರು ವಾರ ಬಿಟ್ಟು ಕುಕ್ಕರಿನಲ್ಲಿಟ್ಟರೆ ನಾಲ್ಕು ವಿಷಲ್ ಕೂಗಿದರೂ ನಡುಭಾಗ ಬೇಯಲಿಲ್ಲ. ರುಚಿಯೂ ಸಪ್ಪೆ.

ತಪ್ಪು ಗೆಣಸಿನದಲ್ಲ. ಅದರ ತವರು ಅಮೆರಿಕ ಖಂಡದ ಉಷ್ಣವಲಯ, ಚಳಿ ಅದಕ್ಕೆ ಗೊತ್ತೇ ಇಲ್ಲ. ತಾಪಮಾನ ಸುಮಾರು 12 ಡಿಗ್ರಿಗಿಂತ ಕೆಳಗಿಳಿದರೆ ಜೀವಕೋಶಗಳ ಪೊರೆಯಲ್ಲಿರುವ ಕೊಬ್ಬು ಬಿಗಿಯುತ್ತದೆ, ಪೊರೆ ಸೋರುತ್ತದೆ, ಕೋಶಗಳನ್ನು ಅಂಟಿಸಿಟ್ಟ ಪೆಕ್ಟಿನ್ ಬೇಯಿಸಿದರೂ ಕರಗದಷ್ಟು ಗಟ್ಟಿಯಾಗುತ್ತದೆ. ಫ್ರಿಜ್ಜಿನ ಒಳಗಿರುವುದು ಬರೀ 4 ಡಿಗ್ರಿ.

ಇದೇ ಫ್ರಿಜ್ಜು ಇನ್ನೊಂದು ಗೆಡ್ಡೆಗೆ ಹಿತ. ಉತ್ತರ ಅಮೆರಿಕದ ಚಳಿನಾಡಿನಿಂದ ಬಂದ ಜೆರುಸಲೇಂ ಆರ್ಟಿಚೋಕ್ ನಮ್ಮ ಸೂರ್ಯಕಾಂತಿಯ ನಂಟ. ಅದು ಕೂಡಿಡುವುದು ಪಿಷ್ಟವನ್ನಲ್ಲ, ಇನ್ಯುಲಿನ್ ಎಂಬ ಸಕ್ಕರೆಸರಪಳಿಯನ್ನು. ಚಳಿ ತಾಗಿದರೆ ಸರಪಳಿ ತುಂಡಾಗಿ ಗೆಡ್ಡೆ ಇನ್ನಷ್ಟು ಸಿಹಿಯಾಗುತ್ತದೆ. ಆದರೆ ಅದರ ಸಿಪ್ಪೆ ತೀರಾ ತೆಳು, ಹೊರಗಿಟ್ಟರೆ ಬೇಗ ಸುಕ್ಕುಗಟ್ಟುತ್ತದೆ. ಹಾಗಾಗಿ ಅದನ್ನು ಬೆಳೆಯುವವರು ಮಣ್ಣನ್ನೇ ಉಗ್ರಾಣ ಮಾಡಿಕೊಂಡು ಬೇಕಾದಾಗ ಬೇಕಾದಷ್ಟನ್ನೇ ಅಗೆಯುತ್ತಾರೆ.

ಗೆಣಸನ್ನು ಮಣ್ಣಿನಲ್ಲೇ ಬಿಟ್ಟರೆ ಮೂತಿಹುಳು ಸುಮ್ಮನಿರುವುದಿಲ್ಲ. ಮಣ್ಣು ಬಿರುಕು ಬಿಟ್ಟಲ್ಲಿ ಅದು ಇಳಿದು ಗೆಣಸಿನೊಳಗೆ ಸುರಂಗ ಕೊರೆಯುತ್ತದೆ. ಗೆಣಸು ತನ್ನ ರಕ್ಷಣೆಗೆ ಕಹಿ ರಾಸಾಯನಿಕಗಳನ್ನು ತಯಾರಿಸುತ್ತದೆ. ಆ ಕಹಿ ಸುರಂಗದ ಆಚೆಗೂ ಹರಡುವುದರಿಂದ ಹುಳುಕಿನ ಭಾಗವನ್ನಷ್ಟೇ ಕೊಯ್ದು ತೆಗೆದರೆ ಸಾಲದು. ಬೂಷ್ಟು ಹಿಡಿದ ಗೆಣಸನ್ನಂತೂ ದನಕ್ಕೂ ಹಾಕಬಾರದು, ಅದರಿಂದ ಅವುಗಳ ಶ್ವಾಸಕೋಶ ಕೆಡುತ್ತದೆ.

ಈ ಸಲ ಬೇರೆ ದಾರಿ ಹಿಡಿದೆ. ಅಗೆಯುವ ಕೆಲವು ದಿನ ಮೊದಲೇ ನೀರು ನಿಲ್ಲಿಸಿ, ಬಳ್ಳಿ ಕೊಯ್ದು, ಚೀಲವನ್ನು ಹಳೆ ಸೀರೆಯ ಮೇಲೆ ಮಗುಚಿದೆ. ಕೈಗುದ್ದಲಿ ಮುಟ್ಟಲಿಲ್ಲ. ಆದರೂ ತುದಿಗಳು ಮುರಿದವು, ಸಿಪ್ಪೆ ಅಲ್ಲಲ್ಲಿ ತರಚಿತು. ತೊಳೆಯದೆ, ಮಣ್ಣು ಕೊಡವಿ, ಗೋಣಿತಾಟಿನಲ್ಲಿ ಸುತ್ತಿ, ಶೀಟ್ ಹೊದಿಸಿದ ಮೆಟ್ಟಿಲಕೋಣೆಯಲ್ಲಿಟ್ಟೆ. ಹಗಲು ಅಲ್ಲಿ ಚೆನ್ನಾಗಿ ಸೆಖೆ. ಪಕ್ಕದಲ್ಲಿ ಒಂದು ಬಕೆಟ್ ನೀರು, ಅದರ ಅಂಚಿಗೆ ಒದ್ದೆ ಬಟ್ಟೆ.

ಆರನೆಯ ದಿನ ತೆರೆದು ನೋಡಿದರೆ ಗಾಯಗಳ ಮೇಲೆ ಕಂದು ಹಕ್ಕಳೆ ಕಟ್ಟಿತ್ತು, ಮಕ್ಕಳ ಮೊಣಕಾಲಿನ ಹಾಗೆ. ಅಗೆದ ಗೆಣಸು ಸತ್ತಿರುವುದಿಲ್ಲ. ಅದು ಉಸಿರಾಡುತ್ತದೆ, ಪಿಷ್ಟವನ್ನು ಕರಗಿಸಿ ಶಕ್ತಿ ಪಡೆಯುತ್ತದೆ, ಗಾಯದ ಕೆಳಗೆ ಹೊಸ ಕೋಶಗಳನ್ನು ಹೆಣೆದು ಅವುಗಳಿಗೆ ಸುಬರಿನ್ ಎಂಬ ಮೇಣದಂಥ ವಸ್ತುವನ್ನು ಬಳಿಯುತ್ತದೆ. ಸೀಸೆಯ ಬಿರಡೆಯಲ್ಲಿರುವುದೂ ಇದೇ ವಸ್ತು. ಒಳಗಿನ ನೀರು ಹೊರಹೋಗದು, ಹೊರಗಿನ ಶಿಲೀಂಧ್ರ ಒಳಬಾರದು. ಇದಕ್ಕೆ ಸುಮಾರು 30 ಡಿಗ್ರಿ ಬಿಸಿ, ಶೇಕಡಾ 85ರಿಂದ 90ರಷ್ಟು ತೇವ, ನಾಲ್ಕರಿಂದ ಏಳು ದಿನ ಬೇಕು. ಬೆಂಗಳೂರಿನ ಜನವರಿಯ ಗಾಳಿ ಒಣ, ರಾತ್ರಿ ತಂಪು. ಆ ಬಕೆಟ್ ನೀರು ಇಟ್ಟದ್ದು ಅದಕ್ಕೇ.

ಆಮೇಲೆ ಬೇಕಾದದ್ದು ಗಾಳಿಯಾಡುವ ಕತ್ತಲೆ ಮೂಲೆ, 13ರಿಂದ 15 ಡಿಗ್ರಿ. ಅಷ್ಟು ತಂಪು ನಮ್ಮ ಮನೆಗಳಲ್ಲಿ ಹಗಲು ಸಿಗದು. ಹಾಗಾಗಿ ನಮಗೆ ದಕ್ಕುವುದು ತಿಂಗಳುಗಳಲ್ಲ, ವಾರಗಳು. ಸಂಕ್ರಾಂತಿಗೆ ಅಷ್ಟು ಸಾಕು.

ಹಬ್ಬದ ದಿನ ಅವರೆಕಾಯಿ, ಕಡಲೆಕಾಯಿಯ ಜೊತೆ ಗೆಣಸನ್ನೂ ಒಲೆಯೇರಿಸಿದೆವು. ಈ ಬಾರಿ ಕುಕ್ಕರ್ ಬೇಡವೆಂದು ಪಾತ್ರೆಯಲ್ಲಿ ಸಣ್ಣ ಉರಿ. ಗೆಣಸಿನಲ್ಲಿರುವ ಅಮೈಲೇಸ್ ಎಂಬ ಕಿಣ್ವ ಬೆಂದ ಪಿಷ್ಟವನ್ನು ಒಡೆದು ಮಾಲ್ಟೋಸ್ ಸಕ್ಕರೆ ಮಾಡುತ್ತದೆ. ಬಿಸಿ ತೀರಾ ಏರಿದರೆ ಕಿಣ್ವವೇ ಕೆಡುತ್ತದೆ. ನಿಧಾನ ಕಾದಷ್ಟೂ ಅದಕ್ಕೆ ಕೆಲಸ ಮಾಡಲು ಹೊತ್ತು ಸಿಗುತ್ತದೆ. ಕೆಂಡದ ಬೂದಿಯಲ್ಲಿ ಹೂತು ಸುಟ್ಟ ಗೆಣಸು ಅಷ್ಟು ಸಿಹಿಯಾಗುವುದು ಈ ಕಾರಣಕ್ಕೇ.

ಫೆಬ್ರವರಿಯಲ್ಲಿ ಬುಟ್ಟಿಯ ತಳದಲ್ಲಿ ಮರೆತುಹೋಗಿದ್ದ ಒಂದು ಗೆಣಸು ಕೈಗೆ ಸಿಕ್ಕಿತು. ಮೈ ಸ್ವಲ್ಪ ಸುಕ್ಕಾಗಿತ್ತು, ಒಂದು ತುದಿಯಲ್ಲಿ ನೇರಳೆ ಬಣ್ಣದ ಮೂರು ಚಿಗುರು. ಸಾರಿಗೆ ಹಾಕಲು ಎತ್ತಿಕೊಂಡವನು ತಾರಸಿಗೆ ಹೋಗಿ ಖಾಲಿ ಚೀಲದಲ್ಲಿ ಹೂತು ಬಂದೆ.