ಕಪ್ಪು ಮನೆಯದು, ಕೆಂಪು ಪೇಟೆಯದು

ಹಳೆಯ ಕಾಗದದ ಹೊತ್ತಿಗೆಗಳಲ್ಲಿ ಕೆಂಪು ಅಕ್ಷರದ ಲೆಕ್ಕಾಚಾರ

ಕಾಗದದ ಮೇಲೆ ಕೈಯಿಂದ ಬರೆದ ಭಗವದ್ಗೀತೆಯ ಒಂದು ಪ್ರತಿಯನ್ನು ಲೆಕ್ಕಕ್ಕೆ ಹಿಡಿಯೋಣ. ಶ್ಲೋಕ 700. ಶ್ಲೋಕಕ್ಕೆ ಕಡಿಮೆಯೆಂದರೂ 32 ಅಕ್ಷರ, ಒಟ್ಟು 22,400. ಇದಿಷ್ಟೂ ಕಪ್ಪು ಮಸಿ. ಶ್ಲೋಕದ ನಡುವೆ ಒಂದು ಗೀಟು, ಕೊನೆಗೆ ಎರಡು. ಇವನ್ನು ಅನೇಕ ಲಿಪಿಕಾರರು ಕೆಂಪಿನಲ್ಲಿ ಎಳೆಯುತ್ತಿದ್ದರು. ಅಂದರೆ 2,100 ಕೆಂಪು ಗೀಟು, ಜೊತೆಗೆ 18 ಅಧ್ಯಾಯಗಳ ಮುಕ್ತಾಯದ ಸಾಲು. ಹತ್ತು ಕಪ್ಪಕ್ಷರಕ್ಕೆ ಹೆಚ್ಚುಕಡಿಮೆ ಒಂದು ಕೆಂಪು ಗೀಟು.

ಎಲ್ಲವೂ ಕೆಂಪಾದರೆ ಕಣ್ಣು ನಿಲ್ಲುವುದೆಲ್ಲಿ ಎಂಬುದು ಈ ಜಿಪುಣತನಕ್ಕೆ ಒಂದು ಕಾರಣ. ಇನ್ನೊಂದು ಕಾರಣ, ದರ.

ದೀಪಕ್ಕೆ 12 ನಿವರ್ತನ

ಇಂಡಿ ತಾಲ್ಲೂಕಿನ ಸಾಲೋಟಗಿಯ ಕಂಬದ ಶಾಸನ ಕ್ರಿ.ಶ. 945ರದು. ರಾಷ್ಟ್ರಕೂಟ ಮುಮ್ಮಡಿ ಕೃಷ್ಣನ ಮಂತ್ರಿ ನಾರಾಯಣ ಇಲ್ಲಿ ಶಾಲೆ ಕಟ್ಟಿಸಿದ. ವಿದ್ಯಾರ್ಥಿಗಳ ವಾಸಕ್ಕೆ 27 ಮನೆ, ದೀಪದ ಖರ್ಚಿಗೇ 12 ನಿವರ್ತನ ಭೂಮಿ ಎಂದು ಶಾಸನ ಲೆಕ್ಕ ಕೊಡುತ್ತದೆ.

ಎಣ್ಣೆ ಉರಿದಲ್ಲಿ ಕಾಡಿಗೆ ಪುಕ್ಕಟೆ. ಅದಕ್ಕೆ ಅಂಟು ಬೆರೆಸಿ ಅರೆದರೆ ಕಪ್ಪು ಮಸಿ. ಅಂಟಿಗೂ ದೂರ ಹೋಗಬೇಕಿಲ್ಲ, ಎರೆಹೊಲದ ಬದುವಿನ ಕರಿಜಾಲಿಯ ತೊಗಟೆಯಲ್ಲಿ ಅದು ತಾನೇ ಒಸರುತ್ತದೆ. ಕಪ್ಪಿನ ಎರಡೂ ಸರಕು ಮನೆ-ಹೊಲದವು.

ನೂರು ಗ್ರಾಂನಲ್ಲಿ 86 ಗ್ರಾಂ ಪಾದರಸ

ಒಳ್ಳೆಯ ಕೆಂಪು ಎಂದರೆ ಇಂಗಳೀಕ. ಇದು ಪಾದರಸ ಮತ್ತು ಗಂಧಕದ ಸಂಯುಕ್ತ. 100 ಗ್ರಾಂ ಇಂಗಳೀಕದಲ್ಲಿ ಪಾದರಸ ಸುಮಾರು 86 ಗ್ರಾಂ, ಗಂಧಕ 14. ಗಂಧಕ ಅಗ್ಗ, ಪಾದರಸ ಹಡಗೇರಿ ಬರಬೇಕಾದ ಸರಕು. 1510ರಲ್ಲಿ ವಿಜಯಪುರದ ಆದಿಲಶಾಹಿಗಳ ಕೈಯಿಂದ ಗೋವೆ ಕಸಿದುಕೊಂಡ ಪೋರ್ಚುಗೀಸರು ತಾಮ್ರದ ಜೊತೆಗೆ ಪಾದರಸ, ಇಂಗಳೀಕಗಳನ್ನೂ ಅಲ್ಲಿ ತಂದಿಳಿಸುತ್ತಿದ್ದರು.

ಈ ಬಣ್ಣದ ಬಿಸಿ ರೋಮನರಿಗೂ ತಟ್ಟಿತ್ತು. ಮೊದಲ ಶತಮಾನದ ಲೇಖಕ ಪ್ಲಿನಿ ಬರೆದಿಟ್ಟ ಪ್ರಕಾರ ಇಂಗಳೀಕದ ದರ ಪೌಂಡಿಗೆ 70 ಸೆಸ್ಟರ್ಸ್ ದಾಟದಂತೆ ಕಾನೂನೇ ಇತ್ತು. ಆಗ ಕಾಲಾಳಿನ ವರ್ಷದ ಸಂಬಳ 900 ಸೆಸ್ಟರ್ಸ್. ಪೂರ್ತಿ ಸಂಬಳ ಸುರಿದರೂ 13 ಪೌಂಡು ಸಿಗದು.

ತೂಕದ್ದು ಬೇರೆ ತಕರಾರು. ಇಂಗಳೀಕ ನೀರಿಗಿಂತ ಎಂಟು ಪಟ್ಟು ಭಾರ. ಹೀಗಾಗಿ ಕೆಂಪು ಮಸಿಕುಡಿಕೆಯಲ್ಲಿ ಬಣ್ಣ ತಳಕ್ಕಿಳಿದು, ಮೇಲೆ ತೆಳು ನೀರು ನಿಲ್ಲುತ್ತದೆ. ಲೇಖನಿ ಅದ್ದುವ ಮುನ್ನ ಕಡ್ಡಿಯಿಂದ ತಿರುವಬೇಕು, ಇಲ್ಲದಿದ್ದರೆ ಮೊದಲ ಗೀಟು ಸಪ್ಪೆ, ಕೊನೆಯದು ಮುದ್ದೆ. ಇಷ್ಟೆಲ್ಲ ಬೇಡವೆಂದವರು ಕಪ್ಪಿನಲ್ಲೇ ಬರೆದು, ಮುಖ್ಯ ಪದಗಳ ಮೇಲೆ ಜಾಜನ್ನು ತಿಕ್ಕಿಬಿಡುತ್ತಿದ್ದರು. ಕೆಮ್ಮಣ್ಣಿಗೆ ಸುಂಕವಿಲ್ಲ.

ಅರಬ್ಬಿ-ಫಾರಸಿ ಹೊತ್ತಿಗೆಗಳಲ್ಲೂ ಅಧ್ಯಾಯದ ಹೆಸರು ಕೆಂಪು. ಫಾರಸಿಯಲ್ಲಿ ಅದು ‘ಸುರ್ಖಿ’. ವಿಜಯಪುರದ ಉರ್ದು ಓದುಗರಿಗೆ ಪತ್ರಿಕೆಯ ತಲೆಬರಹ ಇಂದಿಗೂ ಸುರ್ಖಿಯೇ, ಅದು ಕಪ್ಪಿನಲ್ಲಿ ಅಚ್ಚಾಗಿದ್ದರೂ.

ಓಲೆಗರಿಯ ಲೆಕ್ಕ: ಸೊನ್ನೆ

ಬಸವನ ಬಾಗೇವಾಡಿ ಬಸವಣ್ಣನ ಊರು. ಹಿಂದೆ ಸಿಂದಗಿ ತಾಲ್ಲೂಕಿಗೆ ಸೇರಿದ್ದ ದೇವರ ಹಿಪ್ಪರಗಿ ಮಡಿವಾಳ ಮಾಚಯ್ಯನದು. ಮುದ್ದೇಬಿಹಾಳ ತಾಲ್ಲೂಕಿನ ತಂಗಡಗಿ ನೀಲಾಂಬಿಕೆ ಐಕ್ಯಳಾದ ತಾಣ. ಈ ಮೂವರು ವಚನಕಾರರ ಮಾತನ್ನು ನಮ್ಮವರೆಗೆ ಹೊತ್ತು ತಂದ ಓಲೆಗರಿಗಳಲ್ಲಿ ಕೆಂಪಿಗೆ ಜಾಗವೇ ಇಲ್ಲ. ಕಂಠವೆಂಬ ಮೊನಚು ಕಡ್ಡಿಯಿಂದ ಅಕ್ಷರ ಕೊರೆದು, ಗರಿಗೆಲ್ಲ ಕಾಡಿಗೆ ಬಳಿದು ಒರೆಸುತ್ತಾರೆ, ಕೊರೆದಲ್ಲಿ ಮಾತ್ರ ಕಪ್ಪು ಉಳಿಯುತ್ತದೆ. ಒಂದೇ ಒರೆತದಲ್ಲಿ ಎರಡು ಬಣ್ಣ ತುಂಬಲು ಬಾರದು.

ಹಾಗಾದರೆ ವಚನ ಮುಗಿಯಿತೆಂದು ತಿಳಿಯುವುದು ಹೇಗೆ? ಕೂಡಲಸಂಗಮದೇವ, ಕಲಿದೇವ, ಸಂಗಯ್ಯ ಎಂಬ ಅಂಕಿತದಿಂದ. ಬೇರೆಡೆ ಇಂಗಳೀಕ ಮಾಡುವ ಕೆಲಸವನ್ನು ಇಲ್ಲಿ ದೇವರ ಹೆಸರು ಮಾಡಿತು. ಖರ್ಚು ಸೊನ್ನೆ.

ಅಚ್ಚಿನಲ್ಲಿ ಎರಡು ಸಲ

ಅಚ್ಚುಯಂತ್ರ ಬಂದಾಗ ಬಣ್ಣದ ಬೆಲೆಗಿಂತ ದುಡಿಮೆಯ ಬೆಲೆ ದೊಡ್ಡದಾಯಿತು. 1455ರ ಹೊತ್ತಿಗೆ ಮುಗಿದ ಗುಟೆನ್‌ಬರ್ಗ್ ಬೈಬಲ್ 1,282 ಪುಟದ್ದು, ಪ್ರತಿ ಸುಮಾರು 180. ಪ್ರತಿ ಪುಟವನ್ನೂ ಕೆಂಪಿಗಾಗಿ ಇನ್ನೊಮ್ಮೆ ಒತ್ತಿದ್ದರೆ 2,30,760 ಪುಟಗಳ ಹೆಚ್ಚುವರಿ ಅಚ್ಚು. ಮೊದಲ ಕೆಲವು ಪುಟಗಳಲ್ಲಿ ಕೆಂಪು ಅಚ್ಚೊತ್ತಿ ನೋಡಿದ ಗುಟೆನ್‌ಬರ್ಗ್ ಅದನ್ನು ಕೈಬಿಟ್ಟ. ತಲೆಬರಹದ ಜಾಗ ಖಾಲಿ ಬಿಟ್ಟು, ಬರೆಯುವ ಕೆಲಸವನ್ನು ಕೈಬರಹದವರಿಗೆ ವಹಿಸಿದ. 1457ರ ಮೈನ್ಜ್ ಕೀರ್ತನೆಗಳ ಪುಸ್ತಕದಲ್ಲಿ ಫುಸ್ಟ್ ಮತ್ತು ಶೋಫರ್ ಕೆಂಪನ್ನೂ ಅಚ್ಚಿನಲ್ಲೇ ಒತ್ತಿದರು.

ಫ.ಗು. ಹಳಕಟ್ಟಿಯವರು ‘ವಚನ ಶಾಸ್ತ್ರ ಸಾರ’ ಹೊರತಂದದ್ದು 1923ರಲ್ಲಿ, ವಿಜಯಪುರದಲ್ಲಿ ಹಿತಚಿಂತಕ ಮುದ್ರಣಾಲಯ ಹಾಕಿದ್ದು 1925ರಲ್ಲಿ. ಅದು ಮೊಳೆ ಜೋಡಿಸುವ ಕಾಲ, ಆಗಿನ ಯಾವ ಪ್ರೆಸ್ಸಿಗಾದರೂ ಕೆಂಪು ಎಂದರೆ ಇಷ್ಟು ಕೆಲಸ: ಕೆಂಪು ಸಾಲಿನ ಮೊಳೆ ಬೇರೆ ಕಟ್ಟುವುದು, ರೋಲರಿನ ಕಪ್ಪನ್ನು ಸೀಮೆಎಣ್ಣೆಯಲ್ಲಿ ತೊಳೆಯುವುದು, ಒಣಗಿದ ಹಾಳೆಯನ್ನು ಅದೇ ಗುರುತಿಗೆ ಕೂಡಿಸಿ ಮತ್ತೆ ಒತ್ತುವುದು. 500 ಲಗ್ನಪತ್ರಿಕೆಗೆ 1,000 ಒತ್ತು. ಕೂದಲೆಳೆ ಸರಿದರೂ ‘ಶ್ರೀ’ ಹೋಗಿ ಕೆಳಗಿನ ಸಾಲಿನ ಮೇಲೆ ಕೂತಿತು.

ಒಂದು ನೋಟದಲ್ಲಿ

• ಓಲೆಗರಿ: ಕಪ್ಪು ಒಂದೇ, ಕೆಂಪು 0
• ಗೀತೆಯ ಕೈಬರಹ: 22,400 ಅಕ್ಷರಕ್ಕೆ 2,100 ಗೀಟು
• ಮೊಳೆಯಚ್ಚು: ಹಾಳೆಗೆ ಎರಡು ಒತ್ತು
• ಆಫ್‌ಸೆಟ್: ಗುಲಾಬಿ ಮೇಲೆ ಹಳದಿ, ಎರಡು ಮಸಿ ಸೇರಿ ಒಂದು ಕೆಂಪು

ಈಗ ಬಹುವರ್ಣದ ಲಗ್ನಪತ್ರಿಕೆ ಒಂದೇ ಓಟದಲ್ಲಿ ಯಂತ್ರದಿಂದ ಹೊರಬೀಳುತ್ತದೆ, ಕೆಂಪಿಗೆಂದು ಪ್ರತ್ಯೇಕ ಸುತ್ತಿಲ್ಲ. ಆದರೂ ಕಟ್ಟು ಮನೆಗೆ ಬಂದ ಸಂಜೆ ಪಡಸಾಲೆಯಲ್ಲಿ ಚಾಪೆ ಹಾಸುತ್ತಾರೆ. ಒಂದೊಂದರ ನಾಲ್ಕು ಮೂಲೆಗೂ ಅರಿಷಿಣ-ಕುಂಕುಮ, 500ಕ್ಕೆ 2,000 ಬೆರಳೊತ್ತು. ಅರಿಷಿಣಕ್ಕೆ ಸುಣ್ಣ ಬೆರೆತು ಆದ ಕುಂಕುಮವಿದ್ದರೆ, ಆ ಕೆಂಪಾದರೂ ಮನೆಯದೇ.